ಕ್ಯಾಮೆರಾದಿಂದ ಕತ್ತರಿಯವರೆಗೆ

ಸಿನಿಮಾದ ಟೈಟಲ್ ಕಾರ್ಡಿನಲ್ಲಿ ಛಾಯಾಗ್ರಹಣಕ್ಕೂ ಸಂಕಲನಕ್ಕೂ ಒಬ್ಬನದೇ ಹೆಸರು ಕಾಣುವುದು ಅಪರೂಪ. ನನ್ನ ಹೆಸರು ಕೆಲವು ಚಿತ್ರಗಳಲ್ಲಿ ಹಾಗೆ ಬಂದಿದೆ. ಅವೆಲ್ಲ ಬೆಳಗಿನ ಆಟಕ್ಕೆ ಹಾಕುತ್ತಿದ್ದ ಚಿತ್ರಗಳು, ದೊಡ್ಡ ದುಡ್ಡು ಕಂಡವಲ್ಲ. ಆದರೂ ಸಿನಿಮಾ ಕಲಿಯಲು ಬರುವ ಹುಡುಗ ಹುಡುಗಿಯರು, ಯಾರೋ ಟೀವಿಯಿಂದ ಇಳಿಸಿಕೊಂಡ ಮಸುಕು ಪ್ರತಿಗಳನ್ನು ಎಲ್ಲಿಂದಲೋ ಹುಡುಕಿ ನೋಡಿರುತ್ತಾರೆ. ನೋಡಿದವರು ಬಂದು ಕೇಳುವುದು ಹೆಚ್ಚುಕಡಿಮೆ ಒಂದೇ ಪ್ರಶ್ನೆ: "ಸಾರ್, ನಿಮಗೆ ಕ್ಯಾಮೆರಾ ಇಷ್ಟವೋ, ಎಡಿಟಿಂಗ್ ಇಷ್ಟವೋ?"

ಅವೆರಡನ್ನೂ ಬೇರೆ ಮಾಡಿ ನೋಡುವುದು ನನ್ನಿಂದ ಆಗದು. ನಾನು ಆಯುಷ್ಯವೆಲ್ಲ ದುಡಿದದ್ದು ನೆಗೆಟಿವ್ ಜೊತೆ. ಕತ್ತಲಲ್ಲಿ ಅದನ್ನು ಕ್ಯಾಮೆರಾದ ಮ್ಯಾಗಜಿನ್‌ಗೆ ತುಂಬಿದೆ, ಅದಕ್ಕೆ ಬೆಳಕು ತೋರಿಸಿದೆ, ಮಡಿಲಲ್ಲಿಟ್ಟುಕೊಂಡು ಮದ್ರಾಸಿಗೆ ಹೋದೆ, ತೊಳೆದು ಬಂದ ಮೇಲೆ ಅದರ ಪ್ರಿಂಟನ್ನು ಕತ್ತರಿಸಿ ಕೂಡಿಸಿದೆ. ಕ್ಯಾಮೆರಾ ಕೆಲಸ, ಟೇಬಲ್ ಕೆಲಸ ಎಂಬ ಗೆರೆ ಸಂಭಾವನೆಯ ರಸೀತಿಯಲ್ಲಿತ್ತೇ ಹೊರತು ನನ್ನ ಕೈಗೆ ಅದು ಗೊತ್ತಾಗಲೇ ಇಲ್ಲ.

ನಮ್ಮದು ತೀರ್ಥಹಳ್ಳಿ ಕಡೆಯ ಹಳ್ಳಿ. ಎಸ್ಸೆಸ್ಸೆಲ್ಸಿ ಆದ ಮೇಲೆ ಬೆಂಗಳೂರಿನ ಶ್ರೀ ಜಯಚಾಮರಾಜೇಂದ್ರ ಪಾಲಿಟೆಕ್ನಿಕ್ ಸೇರುತ್ತೇನೆ ಎಂದಾಗ ಅಪ್ಪ ಒಪ್ಪಿದ್ದು ಪಾಲಿಟೆಕ್ನಿಕ್ ಎಂಬ ಹೆಸರಿಗೆ. ಅಲ್ಲಿ ಸಿವಿಲ್, ಮೆಕ್ಯಾನಿಕಲ್‌ಗಳ ಜೊತೆಗೆ ಸಿನಿಮಾಟೋಗ್ರಫಿಯ ಡಿಪ್ಲೊಮಾ ಕೂಡ ಇತ್ತು. ನಾನು ಸೇರಿದ್ದು ಅದಕ್ಕೆ ಎಂದು ಅವರಿಗೆ ಗೊತ್ತಾಗುವ ಹೊತ್ತಿಗೆ ಒಂದು ವರ್ಷ ಕಳೆದಿತ್ತು. ಆಗ ಅವರು ಕೇಳಿದ್ದು ಒಂದೇ ಮಾತು: "ಇದರಲ್ಲಿ ಮುಂದೆ ಬಂದೋರು ಯಾರಾದ್ರೂ ಇದಾರೇನೋ?" ನಾನು ವಿ.ಕೆ. ಮೂರ್ತಿಯವರ ಹೆಸರು ಹೇಳಿದೆ.

ಆ ಹೆಸರನ್ನು ಅಲ್ಲಿ ಕಲಿತ ಎಲ್ಲರೂ ಹಾಗೇ ಹೇಳಿಕೊಂಡಿದ್ದಾರೆ. ಮೈಸೂರಿನ ಹುಡುಗ, 1946ರಲ್ಲಿ ಇದೇ ಸಂಸ್ಥೆಯಿಂದ ಡಿಪ್ಲೊಮಾ ಪಡೆದು ಬೊಂಬಾಯಿಗೆ ಹೋಗಿ ಗುರುದತ್ತರ ಕ್ಯಾಮೆರಾಮನ್ ಆದವರು. 'ಪ್ಯಾಸಾ', 'ಕಾಗಜ್ ಕೇ ಫೂಲ್', 'ಸಾಹಿಬ್ ಬೀಬಿ ಔರ್ ಗುಲಾಮ್' ಅವರು ತೆಗೆದವು. 1959ರ 'ಕಾಗಜ್ ಕೇ ಫೂಲ್' ಭಾರತದ ಮೊದಲ ಸಿನಿಮಾಸ್ಕೋಪ್ ಚಿತ್ರ. ಅದರಲ್ಲಿ ಖಾಲಿ ಸ್ಟುಡಿಯೋದೊಳಗೆ ಮೇಲಿಂದ ಇಳಿಯುವ ಬಿಸಿಲುಕೋಲು ಇದೆಯಲ್ಲ, ಅದನ್ನು ಅವರು ಲೈಟುಗಳಿಂದ ಮಾಡಲಿಲ್ಲ. ಹೊರಗಿನ ಬಿಸಿಲನ್ನೇ ದೊಡ್ಡ ಕನ್ನಡಿಗಳಿಂದ ಒಳಕ್ಕೆ ತಿರುಗಿಸಿದರು. ನಮ್ಮ ತರಗತಿಯಲ್ಲಿ ಆ ಕನ್ನಡಿಗಳ ನಕ್ಷೆಯನ್ನು ಬೋರ್ಡಿನ ಮೇಲೆ ಬರೆದು ವಿವರಿಸಿದ್ದು ನೆನಪಿದೆ. 1962ರಲ್ಲಿ ಇಲ್ಲಿಂದಲೇ ಹೊರಬಿದ್ದ ಗೋವಿಂದ ನಿಹಲಾನಿ ಮೂರ್ತಿಯವರಿಗೆ ಸಹಾಯಕರಾಗಿದ್ದರು, ಆಮೇಲೆ ನಮ್ಮ ಕನ್ನಡದ 'ಕಾಡು' ಚಿತ್ರಕ್ಕೆ ಕ್ಯಾಮೆರಾ ಹಿಡಿದರು. ಮೂರ್ತಿಯವರಿಗೆ 2008ನೇ ಸಾಲಿನ ದಾದಾಸಾಹೇಬ್ ಫಾಲ್ಕೆ ಪ್ರಶಸ್ತಿ ಬಂದಾಗ, ಅದನ್ನು ಪಡೆದ ಮೊದಲ ಛಾಯಾಗ್ರಾಹಕ ಅವರಾದರು. ಅಪ್ಪ ಆಗ ಇರಲಿಲ್ಲ.

ಪಾಲಿಟೆಕ್ನಿಕ್ಕಿನಲ್ಲಿ ನಮಗೆ ಮೊದಲು ಕಲಿಸಿದ್ದು ಕಣ್ಣಿನ ಕೆಲಸವಲ್ಲ, ಬೆರಳಿನ ಕೆಲಸ. ಚೇಂಜಿಂಗ್ ಬ್ಯಾಗ್ ಎಂದು ಒಂದು ಕಪ್ಪು ಬಟ್ಟೆಯ ಚೀಲ. ಎರಡು ಪದರ, ಎರಡು ತೋಳು, ತೋಳಿನ ತುದಿಗೆ ಬಿಗಿಯಾದ ಎಲಾಸ್ಟಿಕ್. ಒಳಗೆ ಖಾಲಿ ಮ್ಯಾಗಜಿನ್ನು, ಹೊಸ ಫಿಲಂ ಡಬ್ಬಿ ಇಟ್ಟು ಜಿಪ್ ಎಳೆದು, ಮೊಣಕೈವರೆಗೆ ಕೈ ತೂರಿಸಿದರೆ ಮುಂದಿನದೆಲ್ಲ ಬೆರಳಿಗೆ ಬಿಟ್ಟದ್ದು. ಡಬ್ಬಿಯ ಟೇಪು ಬಿಚ್ಚಬೇಕು. ಕಪ್ಪು ಕಾಗದದಿಂದ ರೋಲನ್ನು ಅಂಚು ಹಿಡಿದು ಎತ್ತಬೇಕು, ನಡುವೆ ಮುಟ್ಟಿದರೆ ಬೆವರಿನ ಗುರುತು ಉಳಿಯುತ್ತದೆ. ಹಲ್ಲುಚಕ್ರಕ್ಕೆ ರಂಧ್ರಗಳನ್ನು ಕೂರಿಸಬೇಕು, ಲೂಪು ಸರಿಯಾಗಿ ಬಿಡಬೇಕು. ಎಮಲ್ಷನ್, ಅಂದರೆ ಚಿತ್ರ ಮೂಡುವ ಲೇಪ, ಯಾವ ಕಡೆಗಿದೆ ಎಂದು ತಿಳಿಯಲು, ಡಾರ್ಕ್ ರೂಮಿನಲ್ಲಾದರೆ ಫಿಲಮಿನ ತುದಿಯನ್ನು ಒದ್ದೆ ತುಟಿಗೆ ಒತ್ತುತ್ತಿದ್ದೆವು; ಅಂಟುವ ಕಡೆ ಎಮಲ್ಷನ್. ಮೇಷ್ಟ್ರು ಪಕ್ಕದಲ್ಲಿ ನಿಂತು ಬೇಕೆಂದೇ ಬೇರೆ ಮಾತಿಗೆ ಎಳೆಯುತ್ತಿದ್ದರು. ಮನೆ ಕಡೆ ಹೇಗಿದ್ದಾರೆ, ಮಳೆ ಬಂತಾ ಎಂದು ಕೇಳುವುದು. ಉತ್ತರ ಕೊಡುತ್ತ ಬೆರಳು ತಪ್ಪದೆ ನಡೆಯಬೇಕು. ಲೊಕೇಶನ್ನಿನಲ್ಲಿ ನಿರ್ದೇಶಕರು ಕೂಗಾಡುವಾಗ, ಸೂರ್ಯ ಮುಳುಗುವಾಗ, ಸುತ್ತ ಊರಿನವರು ನಿಂತು ನೋಡುವಾಗ ಈ ಅಭ್ಯಾಸದ ಬೆಲೆ ಗೊತ್ತಾಯಿತು.

ಅಡಿಯ ಲೆಕ್ಕ ಆಮೇಲೆ ಬಂತು. 35 ಎಂಎಂ ಫಿಲಮಿನಲ್ಲಿ ಒಂದು ಅಡಿಗೆ 16 ಫ್ರೇಮು, ಸೆಕೆಂಡಿಗೆ 24 ಫ್ರೇಮು, ನಿಮಿಷಕ್ಕೆ 90 ಅಡಿ. 400 ಅಡಿಯ ಮ್ಯಾಗಜಿನ್ನು ನಾಲ್ಕೂವರೆ ನಿಮಿಷ ಕೂಡ ಓಡುವುದಿಲ್ಲ. ಎರಡು ಗಂಟೆಯ ಚಿತ್ರ ಎಂದರೆ 10,800 ಅಡಿ. ನಿರ್ಮಾಪಕರು ಅದರ ಮೂರು ಪಟ್ಟು, ತುಂಬಾ ಉದಾರಿಯಾದರೆ ನಾಲ್ಕು ಪಟ್ಟು ಕಚ್ಚಾ ಫಿಲಂ ಕೊಡುತ್ತಿದ್ದರು. ಕ್ಯಾಮೆರಾ ಓಡುವ ಸದ್ದು ಕಿವಿಗೆ ಬಿದ್ದರೆ ಇಂದಿಗೂ ನನಗೆ ಅದು ಅಡಿಗಳಾಗಿಯೇ ಕೇಳಿಸುತ್ತದೆ. ಮಾನಿಟರ್ ಎಂಬುದು ಇರಲಿಲ್ಲ. ನಿರ್ದೇಶಕರು ಶಾಟ್ ಮುಗಿದ ಮೇಲೆ ಕ್ಯಾಮೆರಾಮನ್ ಮುಖ ನೋಡುತ್ತಿದ್ದರು. ಅವನು ತಲೆ ಆಡಿಸಿದರೆ ಓಕೆ. ಅಷ್ಟು ದೊಡ್ಡ ನಂಬಿಕೆ ಆ ಕೆಲಸದಲ್ಲಿತ್ತು. ಆ ನಂಬಿಕೆ ನಿಜವೋ ಸುಳ್ಳೋ ಎಂದು ಹೇಳುತ್ತಿದ್ದದ್ದು ಮದ್ರಾಸಿನ ಲ್ಯಾಬು.

ನಾನು ಟೇಬಲ್ಲಿಗೆ ಬಂದ ದಾರಿ ಅದೇ ಲ್ಯಾಬಿನದು. 1976ರ ಸುಮಾರಿಗೆ ಅಸಿಸ್ಟೆಂಟ್ ಕ್ಯಾಮೆರಾಮನ್ ಆಗಿ ಸೇರಿದಾಗ, ಯೂನಿಟ್ಟಿನಲ್ಲಿ ಎಲ್ಲರಿಗಿಂತ ಚಿಕ್ಕವನು ನಾನೇ ಆದ್ದರಿಂದ ಎಕ್ಸ್‌ಪೋಸ್ ಆದ ಡಬ್ಬಿಗಳನ್ನು ಮದ್ರಾಸಿಗೆ ಮುಟ್ಟಿಸುವ ಕೆಲಸ ನನ್ನ ಪಾಲಿಗೆ ಬಂತು. ಡಬ್ಬಿಗಳನ್ನು ಟ್ರಂಕಿನಲ್ಲಿಟ್ಟು ಬೀಗ ಹಾಕಿ ರಾತ್ರಿ ರೈಲು ಹತ್ತುವುದು. ಟ್ರಂಕು ಸೀಟಿನ ಕೆಳಗೆ, ನನ್ನ ಕಾಲು ಅದರ ಮೇಲೆ. ಅಷ್ಟು ಜನರ ದುಡಿಮೆ, ನಿರ್ಮಾಪಕರು ಹೆಂಡತಿಯ ಒಡವೆ ಅಡವಿಟ್ಟು ತಂದ ದುಡ್ಡು, ಕಲಾವಿದರ ಡೇಟು, ಎಲ್ಲವೂ ಆ ಪೆಟ್ಟಿಗೆಯಲ್ಲಿ. ಆ ರಾತ್ರಿಗಳಲ್ಲಿ ನಾನು ಸರಿಯಾಗಿ ನಿದ್ದೆ ಮಾಡಿದವನಲ್ಲ. ಲ್ಯಾಬಿನಲ್ಲಿ ತೊಳೆದು, ಸ್ಕ್ರಾಚ್ ಇದೆಯೇ, ಫಾಗ್ ಆಗಿದೆಯೇ ಎಂದು ನೋಡಿ ನೆಗೆಟಿವ್ ರಿಪೋರ್ಟ್ ಕೊಟ್ಟ ಮೇಲೆ ಲೊಕೇಶನ್ನಿಗೆ ಟ್ರಂಕ್ ಕಾಲ್ ಬುಕ್ ಮಾಡಬೇಕು. ಅಲ್ಲಿ ಮಲೆನಾಡಿನ ಯಾವುದೋ ಪೋಸ್ಟಾಫೀಸಿನಲ್ಲಿ ಪ್ರೊಡಕ್ಷನ್ ಮ್ಯಾನೇಜರು ಕಾದಿರುತ್ತಾರೆ. "ರಿಪೋರ್ಟ್ ಓಕೆ" ಎಂದು ನಾನು ಕೂಗಿ ಹೇಳಿದ ಮೇಲೆಯೇ ಸೆಟ್ಟು ಬಿಚ್ಚುವುದು, ಕಲಾವಿದರನ್ನು ಬಸ್ಸು ಹತ್ತಿಸುವುದು.

ರಿಪೋರ್ಟಿಗೆ ಕಾಯುವ ಹೊತ್ತಿನಲ್ಲಿ ಕೋಡಂಬಾಕಂನ ಒಂದು ಎಡಿಟಿಂಗ್ ರೂಮಿನಲ್ಲಿ ಹೋಗಿ ಕೂರುತ್ತಿದ್ದೆ. ಅಲ್ಲಿನ ಎಡಿಟರು ಮೈಸೂರು ಕಡೆಯವರು. ಕನ್ನಡ ಸಿನಿಮಾ ಹೆಚ್ಚಾಗಿ ಮದ್ರಾಸಿನಲ್ಲೇ ತಯಾರಾಗುತ್ತಿದ್ದ ಕಾಲಕ್ಕೆ ಹೋಗಿ ಅಲ್ಲೇ ನೆಲೆ ನಿಂತವರು. ಕನ್ನಡ ಮಾತಾಡುವ ಹುಡುಗ ಬಂದ ಎಂಬುದೇ ಅವರಿಗೆ ಸಂತೋಷ.

"ಊಟ ಆಯ್ತೇನಪ್ಪ? ಬಾ, ಕೂತ್ಕೋ. ನಿಮ್ಮೋರು ತೆಗೆದಿರೋದನ್ನ ನೀನೂ ನೋಡು."

ಮೂವಿಯೋಲಾ ಯಂತ್ರ ಕಟಕಟ ಎನ್ನುತ್ತ ಓಡುತ್ತಿತ್ತು. ಪಕ್ಕದಲ್ಲಿ ಬಟ್ಟೆ ಹೊದಿಸಿದ ಬಿನ್ನು, ಅದರ ಮೇಲಿನ ಮೊಳೆಗಳಿಗೆ ನೇತುಹಾಕಿದ ಫಿಲಮಿನ ತುಂಡುಗಳು. ಹಳದಿ ಪೆನ್ಸಿಲಿನಿಂದ ಅವರು ಫ್ರೇಮಿನ ಮೇಲೆ ಗುರುತು ಹಾಕಿ, ಕತ್ತರಿಸಿ, ಟೇಪು ಅಂಟಿಸುತ್ತಿದ್ದರು. ಆಗ ಶಬ್ದ ಸಮೇತ ಶೂಟಿಂಗ್ ಇರಲಿಲ್ಲ. ನಮ್ಮ ಆ್ಯರಿಫ್ಲೆಕ್ಸ್ ಕ್ಯಾಮೆರಾ ಮಾಡುವ ಸದ್ದಿಗೆ ಮಾತು ರೆಕಾರ್ಡ್ ಮಾಡುವ ಪ್ರಶ್ನೆಯೇ ಇಲ್ಲ. ಎಲ್ಲ ಆಮೇಲೆ ಡಬ್ಬಿಂಗ್. ದುಡ್ಡಿದ್ದವರು ಡಬ್ಬಿಂಗಿಗೆ ದಾರಿ ತೋರಲಷ್ಟೇ ಪೈಲಟ್ ಟ್ರ್ಯಾಕ್ ಎಂಬ ಕಚ್ಚಾ ಧ್ವನಿ ಕೊಡುತ್ತಿದ್ದರು. ಇಲ್ಲದವರ ಚಿತ್ರವನ್ನು ಈ ಎಡಿಟರು ಡೈಲಾಗ್ ಪೇಪರು ಪಕ್ಕದಲ್ಲಿಟ್ಟುಕೊಂಡು, ಕಲಾವಿದರ ತುಟಿ ಓದಿಯೇ ಕತ್ತರಿಸುತ್ತಿದ್ದರು. ಮಾತಿಲ್ಲದ ಚಿತ್ರವನ್ನು ದಿನಗಟ್ಟಲೆ ನೋಡಿದವರಿಗೆ ಒಂದು ಗುಣ ಬರುತ್ತದೆ. ಯಾರು ಸುಳ್ಳು ನಟಿಸುತ್ತಿದ್ದಾರೆ ಎಂದು ಬೇಗ ತಿಳಿಯುತ್ತದೆ. ಮಾತು ಎಷ್ಟೋ ಕೊರತೆಯನ್ನು ಮುಚ್ಚುತ್ತದೆ. ಲ್ಯಾಬಿನಿಂದ ಬಂದ ಕಚ್ಚಾ ಪ್ರಿಂಟಾದ ಮೂಕ ರಶಸ್‌ನಲ್ಲಿ ಕಣ್ಣು ಒಂದೇ ಸಾಕ್ಷಿ.

ಒಂದು ದಿನ ಅವರು ಒಂದು ಶಾಟನ್ನು ಮತ್ತೆ ಮತ್ತೆ ಹಿಂದೆ ಮುಂದೆ ಓಡಿಸಿದರು. ಹೆಣ್ಣುಮಗಳೊಬ್ಬಳು ಬಾಗಿಲು ದಾಟಿ ಹೋಗುತ್ತಾಳೆ. ಅವಳ ಸೆರಗು ಚೌಕಟ್ಟಿನಲ್ಲಿ ಇನ್ನೂ ಇರುವಾಗಲೇ ಕ್ಯಾಮೆರಾ ನಿಂತಿದೆ.

"ನಿಮ್ಮ ಕ್ಯಾಮೆರಾಮನ್ನಿಗೆ ಹೇಳಪ್ಪ, ಫ್ರೇಮ್ ಖಾಲಿ ಆಗೋವರೆಗೂ ನಿಲ್ಲಿಸಬೇಡಿ ಅಂತ. ಅವಳು ಹೋದಮೇಲೆ ಆ ಬಾಗಿಲು ಉಳಿಯತ್ತಲ್ಲ, ನಂಗೆ ಬೇಕಿರೋದು ಅದು."

"ಫಿಲಂ ಉಳಿಸೋಕೆ ಕಟ್ ಮಾಡಿರ್ತಾರೆ ಸಾರ್."

"ನಾಲ್ಕಡಿ ಉಳಿಸಿ ಇಡೀ ಸೀನ್ ಕಳ್ಕೋತಾರೆ. ಹಾಗೇ ಕೈ, ಕಾಲು, ಒಲೆ, ದೀಪ, ಏನಾದ್ರೂ ಒಂದು ಇನ್ಸರ್ಟ್ ತೆಗೆದು ಕಳಿಸಿ ಅಂತ ಹೇಳು. ಎರಡು ಶಾಟ್ ಒಂದಕ್ಕೊಂದು ಕೂರದೇ ಇದ್ದಾಗ ನನ್ನ ಮಾನ ಕಾಯೋದು ಅವೇ."

ನಾನು ಹೋಗಿ ಯಾರಿಗೂ ಹೇಳಲಿಲ್ಲ. ಅಸಿಸ್ಟೆಂಟ್ ಹುಡುಗ ಕ್ಯಾಮೆರಾಮನ್‌ಗೆ ಹಾಗೆಲ್ಲ ಹೇಳುವ ರೂಢಿ ಇರಲಿಲ್ಲ. ಆದರೆ ಆ ಮಾತು ನನ್ನಲ್ಲಿ ಉಳಿಯಿತು. ಕ್ಯಾಮೆರಾ ಹಿಂದೆ ನಿಂತವನಿಗೆ ಶಾಟು ಎಂದರೆ ನಟ ಮಾಡುವ ಕೆಲಸ. ಟೇಬಲ್ ಮುಂದೆ ಕೂತವನಿಗೆ ಆ ಕೆಲಸದ ಹಿಂದಿನ ಒಂದು ಉಸಿರು, ಮುಂದಿನ ಒಂದು ಉಸಿರು ಬೇಕು. ಇದು ಯಾವ ತರಗತಿಯಲ್ಲೂ ನನಗೆ ಸಿಕ್ಕಿರಲಿಲ್ಲ. ಮದ್ರಾಸಿನ ಆ ರೂಮಿನಲ್ಲಿ ಬೇರೆಯವರ ರಶಸ್ ನೋಡಿ ನೋಡಿ ಕಲಿತೆ. ಆ ಎಡಿಟರು ನನಗೆ ಟೇಪ್ ಜಾಯಿಂಟು ಹಾಕಲು, ತುಂಡುಗಳಿಗೆ ನಂಬರು ಬರೆದು ಜೋಡಿಸಲು ಬಿಟ್ಟರು. ಕಡೆಕಡೆಗೆ ಡಬ್ಬಿ ಕೊಟ್ಟು ಬರಲು ಹೋದವನು ವಾರಗಟ್ಟಲೆ ಅಲ್ಲೇ ಉಳಿಯುತ್ತಿದ್ದೆ.

ಆ ಕಾಲದ ಕನ್ನಡ ಸಿನಿಮಾದಲ್ಲಿ ಕಪ್ಪುಬಿಳುಪಿನ ಒಂದು ಮಹತ್ವದ ಸಾಲು ನಡೆದಿತ್ತು. 1970ರ 'ಸಂಸ್ಕಾರ'ಕ್ಕೆ ಆಸ್ಟ್ರೇಲಿಯಾದ ಟಾಮ್ ಕೋವನ್ ಕ್ಯಾಮೆರಾ ಹಿಡಿದಿದ್ದರು. ಅಗ್ರಹಾರದ ಬೀದಿಯನ್ನು, ಬರಿಮೈಯ ಮೇಲಿನ ಬೆಳಕನ್ನು ಅವರು ನೋಡಿದ ರೀತಿ ನಮಗೆಲ್ಲ ಪಾಠವಾಗಿತ್ತು. 1977ರಲ್ಲಿ ಗಿರೀಶ ಕಾಸರವಳ್ಳಿಯವರ 'ಘಟಶ್ರಾದ್ಧ' ಬಂತು, ಕ್ಯಾಮೆರಾ ಎಸ್. ರಾಮಚಂದ್ರ ಅವರದು. ಮಲೆನಾಡಿನ ಮನೆಯೊಳಗಿನ ಅರೆಗತ್ತಲನ್ನು ಹುಟ್ಟಿನಿಂದ ನೋಡಿದ ನನಗೆ ಅದು ಪರದೆಯ ಮೇಲೆ ಹಾಗೇ ಬಂದದ್ದನ್ನು ನೋಡಿ ಮೈ ನಡುಗಿತು. ಯಾರ ಮುಖಕ್ಕೂ ಬೇಡದ ಬೆಳಕಿಲ್ಲ. ಕಿಟಕಿಯಿಂದ ಬಂದಷ್ಟು, ಗಾಜಿನ ಹೆಂಚಿನಿಂದ ಇಳಿದಷ್ಟು. ನನ್ನ ಕೈಗೆ ಚಿತ್ರ ಬಂದರೆ ಹೀಗೆ ತೆಗೆಯಬೇಕು ಎಂದು ಅಂದೇ ನಿಶ್ಚಯಿಸಿದೆ.

ಬಂತು, 1981ರಲ್ಲಿ. ನಿರ್ದೇಶಕ ನನ್ನ ಓರಗೆಯವನು, ಅವನಿಗೂ ಮೊದಲ ಚಿತ್ರ. ಬಣ್ಣಕ್ಕೆ ದುಡ್ಡಿರಲಿಲ್ಲ, ಪೂರ್ವ ಜರ್ಮನಿಯ ಓರ್ವೊ ಕಪ್ಪುಬಿಳುಪು ಫಿಲಂ ಸಿಕ್ಕಿತು. ಕಥೆ ಮಳೆಗಾಲದ್ದು. ನಮ್ಮೂರಿನ ಹತ್ತಿರವೇ ಒಂದು ಹಳೆಯ ಮನೆ ಹಿಡಿದೆವು, ಆಷಾಢದಲ್ಲಿ ಹೋಗಿ ಇಳಿದೆವು.

ಮಳೆಯ ವಿಚಾರ ಸ್ವಲ್ಪ ಬಿಡಿಸಿ ಹೇಳಬೇಕು. ಎಂಥ ಜಡಿಮಳೆಯಾದರೂ ಅದರ ಹಿಂದಿನಿಂದ ಬೆಳಕು ಬೀಳದಿದ್ದರೆ ಫಿಲಮಿನ ಮೇಲೆ ಕಾಣುವುದಿಲ್ಲ. ಮೋಡದ ದಿನದ ಸಪ್ಪೆ ಬೆಳಕಿನಲ್ಲಿ ಎದುರಿಗೆ ಮಳೆ ಸುರಿಯುತ್ತಿದ್ದರೂ ಕ್ಯಾಮೆರಾಗೆ ಬರೀ ಮಸುಕು ಅಂಗಳ. ಕಪ್ಪಾದ ಹಿನ್ನೆಲೆ ಬೇಕು, ಹನಿಯ ಹಿಂದೆ ಲೈಟು ಬೇಕು, ಆಗ ಪ್ರತಿ ಹನಿ ಗೆರೆಯಾಗಿ ಮೂಡುತ್ತದೆ. ಹೀಗಾಗಿ ಆಗುಂಬೆ ಸೀಮೆಯ ಮಳೆಯಲ್ಲಿ ನೆನೆಯುತ್ತ ನಿಂತು ನಾವು ಸುಳ್ಳು ಮಳೆ ತಯಾರಿಸಿದೆವು. ತೋಟಕ್ಕೆ ಕೊಳೆರೋಗದ ಮದ್ದು ಹೊಡೆಯುವ ಪಂಪು ತಂದು ದೂರದ ಹನಿಗೆ, ತೂತು ಕೊರೆದ ಪೈಪನ್ನು ಸೂರಿನ ಮೇಲೆ ಕಟ್ಟಿ ಹತ್ತಿರದ ಹನಿಗೆ. ಉರಿಯುವ ಲೈಟಿನ ಗಾಜಿಗೆ ಒಂದು ಹನಿ ತಾಗಿದರೆ ಅದು ಒಡೆಯುತ್ತದೆ. ಲೈಟ್ ಬಾಯ್ ಅಣ್ಣನೊಬ್ಬ ಕಂಬಳಿಕೊಪ್ಪೆ ಹೊದ್ದು, ಲೈಟಿನ ಮೇಲೆ ತಗಡು ಹಿಡಿದು ನಿಲ್ಲುತ್ತಿದ್ದ. ನಮ್ಮ ಆ ಸುಂದರ ಮಳೆಯ ಹಿಂದೆ ಆತನ ಮರಗಟ್ಟಿದ ಕೈಗಳಿವೆ. ಟೈಟಲ್ ಕಾರ್ಡಿನಲ್ಲಿ ಅಂಥವರ ಹೆಸರು ಬರುತ್ತಿರಲಿಲ್ಲ, ಅದು ಅನ್ಯಾಯ ಎಂದು ಇಂದಿಗೂ ಅನ್ನಿಸುತ್ತದೆ.

ಆ ಚಿತ್ರದಲ್ಲಿ ಮಗಳು ಮನೆ ಬಿಟ್ಟು ಹೋಗುವ ದೃಶ್ಯವಿದೆ. ಬೇಲಿಯ ದಣಪೆ ದಾಟಿ ಅವಳು ಹೋಗುವ ದೂರದ ಶಾಟು ನಿಜವಾದ ಮಳೆಯಲ್ಲಿ ತೆಗೆದದ್ದು. ದೈವವಶಾತ್ ಆ ಸಂಜೆ ಮೋಡ ಒಡೆದು ಹಿಂದಿನಿಂದ ಬೆಳಕು ಬಿದ್ದಿತ್ತು. ಸೂರಿನ ಕೆಳಗೆ ನಿಂತ ತಾಯಿಯ ಹತ್ತಿರದ ಶಾಟು ಪೈಪಿನ ಮಳೆಯದು. ತೆಗೆಯುವಾಗಲೇ ನನಗೆ ಗೊತ್ತಿತ್ತು, ನಿಜವಾದ ಮಳೆ ಗಾಳಿಗೆ ಓರೆಯಾಗಿ ಬೀಳುತ್ತದೆ, ಪೈಪಿನದು ನೆಟ್ಟಗೆ ಇಳಿಯುತ್ತದೆ. ಎರಡನ್ನೂ ಪಕ್ಕಪಕ್ಕದಲ್ಲಿಟ್ಟರೆ ನೋಡುವವರ ಮನಸ್ಸು ಎಲ್ಲೋ ಮುಗ್ಗರಿಸುತ್ತದೆ. ಮದ್ರಾಸಿನ ಎಡಿಟರ ಮಾತು ನೆನೆದು, ಸೂರಿನ ನೀರು ಬೀಳುವ ತಾಮ್ರದ ಹಂಡೆಯೊಂದರ ಇನ್ಸರ್ಟ್ ತೆಗೆದೆ. ಹಂಡೆ ತುಂಬಿ ಅಂಚಿನಿಂದ ನೀರು ಜಾರುತ್ತಿದೆ, ಅಷ್ಟೇ. ನಿರ್ದೇಶಕ, "ಇದ್ಯಾಕೋ, ಫಿಲಂ ದಂಡ" ಎಂದ. "ಇರಲಿ ಮಾರಾಯ, ಟೇಬಲ್ಲಿಗೆ ಬೇಕಾಗತ್ತೆ" ಎಂದೆ.

ಆ ಟೇಬಲ್ಲಿನಲ್ಲಿ ಕೂರುವವನೂ ನಾನೇ ಆಗುತ್ತೇನೆ ಎಂದು ಆಗ ಇಬ್ಬರಿಗೂ ಗೊತ್ತಿರಲಿಲ್ಲ. ಶೂಟಿಂಗ್ ಮುಗಿಯುವ ಹೊತ್ತಿಗೆ ದುಡ್ಡು ಮುಗಿದಿತ್ತು. "ತೆಗೆದೋನು ನೀನೇ, ಕೂಡಿಸೋನೂ ನೀನೇ ಆಗು" ಎಂದು ನಿರ್ದೇಶಕ ಹೇಳಿದ. ರಾತ್ರಿ ಹೊತ್ತು ಬಾಡಿಗೆ ಕಡಿಮೆ ಇರುವ ಒಂದು ಸ್ಟೀನ್‌ಬೆಕ್ ಟೇಬಲ್ ಗೊತ್ತು ಮಾಡಿಕೊಂಡು ಇಬ್ಬರೂ ಕೂತೆವು.

ಟೇಬಲ್ ಮೇಲೆ ತಾಯಿಯ ಮುಖದ ಶಾಟು ಬಂದಾಗ ನನ್ನೊಳಗಿನ ಕ್ಯಾಮೆರಾಮನ್ ಹಿಗ್ಗಿದ. ಒಂದು ಕೆನ್ನೆಗೆ ಮಾತ್ರ ಬೆಳಕು, ಕಣ್ಣಿನಲ್ಲಿ ಹನಿಯಷ್ಟು ಹೊಳಪು. ಆ ಬೆಳಕು ಕೂರಿಸಲು ಅರ್ಧ ದಿನ ಹಿಡಿದಿತ್ತು. ನಿರ್ದೇಶಕನಿಗೂ ಅದೇ ಮುಖದ ಮೇಲೆ ದೃಶ್ಯ ಮುಗಿಸುವ ಆಸೆ. ಕೂಡಿಸಿ ನೋಡಿದೆವು. ದುಃಖವನ್ನು ನಾವೇ ಎತ್ತಿ ಕೊಟ್ಟ ಹಾಗಿತ್ತು. ಆಗ ಮುಖ ತೆಗೆದು, ಮಗಳ ದೂರದ ಶಾಟು, ಹಂಡೆ, ತಾಯಿಯ ಬೆನ್ನು, ಕಡೆಗೆ ಮಗಳು ದಾಟಿದ ಮೇಲೆ ಖಾಲಿ ಉಳಿದ ದಣಪೆ, ಹೀಗೆ ಇಟ್ಟೆ. ಆ ಖಾಲಿ ದಣಪೆ ಆರು ಅಡಿ, ಅಂದರೆ ನಾಲ್ಕು ಸೆಕೆಂಡು. ಮೂರು ಸೆಕೆಂಡಿಗೆ ನಿಲ್ಲಿಸಿದರೆ ಅವಸರ, ಐದಾದರೆ ಎಳೆದ ಹಾಗೆ. ನಾಲ್ಕರಲ್ಲಿ ಮಳೆ ಓರೆಯೋ ನೆಟ್ಟಗೋ ಎಂದು ಯಾರೂ ಕೇಳಲಿಲ್ಲ, ಇಂದಿಗೂ ಕೇಳಿಲ್ಲ. ನನ್ನ ವೃತ್ತಿಯಲ್ಲಿ ನಾನು ಮಾಡಿದ ಒಳ್ಳೆಯ ಕೆಲಸ ಯಾವುದು ಎಂದರೆ ಈ ಒಂದು ದೃಶ್ಯವನ್ನು ತೋರಿಸುತ್ತೇನೆ. ಕ್ಯಾಮೆರಾಮನ್ ಮಾತ್ರ ಆಗಿದ್ದರೆ ಆ ಮುಖಕ್ಕಾಗಿ ಜಗಳವಾಡುತ್ತಿದ್ದೆ. ಎಡಿಟರ್ ಮಾತ್ರ ಆಗಿದ್ದರೆ ಹಂಡೆಯ ಶಾಟು ಇರುತ್ತಲೇ ಇರಲಿಲ್ಲ.

ಆಮೇಲೆ ನೆಗೆಟಿವ್ ಕಟಿಂಗ್. ಸಿನಿಮಾ ಕೆಲಸದಲ್ಲಿ ಇಷ್ಟು ಭಯಭಕ್ತಿ ಹುಟ್ಟಿಸಿದ ಕೆಲಸ ಮತ್ತೊಂದಿಲ್ಲ. ಅಲ್ಲಿಯವರೆಗೆ ನಾವು ಹರಿದು ಅಂಟಿಸಿ ಗೀಚಿದ್ದೆಲ್ಲ ರಶ್ ಪ್ರಿಂಟು, ಹಾಳಾದರೆ ಇನ್ನೊಂದು ಹಾಕಿಸಬಹುದು. ಈಗ ಮೂಲಕ್ಕೇ ಕತ್ತರಿ. ಫಿಲಮಿನ ಅಂಚಿನಲ್ಲಿ ಅಡಿಗೊಂದರಂತೆ ನಂಬರಿರುತ್ತದೆ, ಅದೇ ನಂಬರು ಪ್ರಿಂಟಿಗೂ ಇಳಿದಿರುತ್ತದೆ. ಬಿಳಿ ಹತ್ತಿಯ ಕೈಗವಸು ಹಾಕಿದ ನೆಗೆಟಿವ್ ಕಟ್ಟರ್ ಪಕ್ಕ ಕೂತು ನಾನು ನಂಬರು ಓದುವುದು, ಅವರು ಹುಡುಕಿ ತೆಗೆದು, ಎಮಲ್ಷನ್ ಕೆರೆದು, ಸಿಮೆಂಟು ಹಚ್ಚಿ ಒತ್ತುವುದು. ಆ ಜಾಯಿಂಟಿನಲ್ಲಿ ಪಕ್ಕದ ಫ್ರೇಮು ಹೋಗಿಬಿಡುತ್ತದೆ. ಅಲ್ಲಿಗೆ ಮುಗಿಯಿತು, ನಾಳೆ ಬೆಳಿಗ್ಗೆ ಮನಸ್ಸು ಬದಲಾಯಿತು, ಶಾಟನ್ನು ಎರಡು ಫ್ರೇಮು ಉದ್ದ ಮಾಡೋಣ ಎಂದರೆ ಆಗದು. ಆ ದಿನ ಮಧ್ಯಾಹ್ನ ನಾವಿಬ್ಬರೂ ಊಟದ ಮಾತೇ ಎತ್ತಲಿಲ್ಲ. ಸಂಜೆ ರೀಲು ಡಬ್ಬಿಗೆ ಸೇರಿದಾಗ ಅವರು ಮುಚ್ಚಳದ ಮೇಲೆ ಚಿತ್ರದ ಹೆಸರು ಬರೆದು ಕುಂಕುಮ ಇಟ್ಟರು.

ಮುಂದಿನದನ್ನು ಬೇಗ ಹೇಳಿಬಿಡುತ್ತೇನೆ. ಕೆಲವು ಚಿತ್ರಗಳಿಗೆ ಕ್ಯಾಮೆರಾ ಹಿಡಿದೆ, ಕೆಲವನ್ನು ಟೇಬಲ್ಲಿನಲ್ಲಿ ಕೂಡಿಸಿದೆ, ಕೆಲವಕ್ಕೆ ಎರಡೂ ಮಾಡಿದೆ. ಎಂಬತ್ತರ ದಶಕದಲ್ಲಿ ಟೀವಿ ಬಂತು. ಶಂಕರ್ ನಾಗ್ ಅವರ 'ಮಾಲ್ಗುಡಿ ಡೇಸ್' ಆಗುಂಬೆಯಲ್ಲಿ ತಯಾರಾದಾಗ, ಕ್ಯಾಮೆರಾ ಮತ್ತೆ ಎಸ್. ರಾಮಚಂದ್ರ ಅವರದೇ, ಮಲೆನಾಡಿನ ಬೆಳಕನ್ನು ಇಡೀ ದೇಶ ಕಂಡಿತು. ನಾನೂ ಸಾಕ್ಷ್ಯಚಿತ್ರ, ಧಾರಾವಾಹಿ ಎಂದು ದುಡಿದು ಮನೆ ನಡೆಸಿದೆ. ತೊಂಬತ್ತರ ದಶಕದಲ್ಲಿ ಅವಿಡ್ ಬಂದು ಎಡಿಟಿಂಗ್ ಕಂಪ್ಯೂಟರಿಗೆ ಏರಿತು. ಆ ಕಲಿಕೆ ನನಗೆ ಕಷ್ಟವಾಗಲಿಲ್ಲ, ಇಷ್ಟವೂ ಆಯಿತು. ಫಿಲಂ ಹೋಯಿತಲ್ಲ ಎಂದು ಕೊರಗುವವರ ಪಂಗಡಕ್ಕೆ ನಾನು ಸೇರಿದವನಲ್ಲ. ಇಂದು ಸಾಗರದ ಹುಡುಗ, ಸಿಂಧನೂರಿನ ಹುಡುಗಿ ಯಾರ ಕೈಕಾಲೂ ಹಿಡಿಯದೆ ಸಿನಿಮಾ ಮಾಡುತ್ತಾರೆ. ನಮ್ಮ ಕಾಲದಲ್ಲಿ ಕಚ್ಚಾ ಫಿ­ಲಮಿನ ಬೆಲೆಯೇ ಎಷ್ಟು ಜನರನ್ನು ಬಾಗಿಲಲ್ಲೇ ತಡೆಯಿತು ಎಂಬುದನ್ನು ನಾನು ಕಣ್ಣಾರೆ ಕಂಡಿದ್ದೇನೆ. ಊಟಿಯ ಹಿಂದೂಸ್ತಾನ್ ಫೋಟೋ ಫಿಲ್ಮ್ಸ್ ಮುಚ್ಚಿತು, 2012ರಲ್ಲಿ ಕೊಡಾಕ್ ದಿವಾಳಿ ಅರ್ಜಿ ಹಾಕಿತು, ಲ್ಯಾಬುಗಳು ಒಂದೊಂದಾಗಿ ನಿಂತವು. ತಂತ್ರ ಬದಲಾಗುತ್ತದೆ, ಅದರಲ್ಲಿ ತಪ್ಪಿಲ್ಲ.

ತಪ್ಪು ಬೇರೆ ಕಡೆ ಆಗಿದೆ. ಲ್ಯಾಬುಗಳು ನಿಂತಾಗ ಅಲ್ಲಿದ್ದ ನೆಗೆಟಿವ್‌ಗಳು ಎಲ್ಲಿಗೆ ಹೋದವು?

ನನ್ನ ಆ 1981ರ ಚಿತ್ರದ ನೆಗೆಟಿವ್ ಹುಡುಕಿಕೊಂಡು ನಾನು ಹೊರಟದ್ದು ತಡವಾಗಿ. ನಿರ್ಮಾಪಕರು ತೀರಿಹೋಗಿದ್ದರು. ಲ್ಯಾಬಿನ ಬಾಕಿ ಕಟ್ಟಿರಲಿಲ್ಲವಂತೆ. ಲ್ಯಾಬು ಮುಚ್ಚುವಾಗ ವಾರಸುದಾರರಿಲ್ಲದ ಡಬ್ಬಿಗಳನ್ನೆಲ್ಲ ಒಂದು ಗೋದಾಮಿಗೆ ಸಾಗಿಸಿದ್ದರು. ಬಾಗಿಲು ತೆಗೆದ ಕೂಡಲೇ ವಿನಿಗರ್ ವಾಸನೆ ಮೂಗಿಗೆ ಹೊಡೆಯಿತು. ಫಿಲಮಿನ ತಳ ಅಸಿಟೇಟಿನದು. ಸೆಕೆ, ತೇವ ಎರಡೂ ಸೇರಿದರೆ ಅದು ಒಡೆದು ಆಮ್ಲ ಬಿಡುತ್ತದೆ, ಒಂದು ಡಬ್ಬಿಯ ಆಮ್ಲ ಪಕ್ಕದ ಡಬ್ಬಿಗೂ ಹಬ್ಬುತ್ತದೆ. ನಮ್ಮ ಡಬ್ಬಿಗಳು ಸಿಕ್ಕವು. ಮುಚ್ಚಳದ ಮೇಲಿನ ಅಕ್ಷರ ಅರ್ಧ ಅಳಿಸಿತ್ತು. ಒಳಗೆ ರೀಲು ಮುದುಡಿ, ಸುತ್ತುಗಳು ಒಂದಕ್ಕೊಂದು ಅಂಟಿ ಗಟ್ಟಿಯಾಗಿದ್ದವು. ಉಗುರಿನಿಂದ ಅಂಚು ಬಿಡಿಸಲು ನೋಡಿದೆ. ಎಮಲ್ಷನ್ ಹೊಟ್ಟಿನ ಹಾಗೆ ಕೈಗೆ ಬಂತು. ಅದರಲ್ಲಿ ಯಾವ ರೀಲು, ಯಾವ ದೃಶ್ಯ ಎಂದು ತಿಳಿಯುವಂತಿರಲಿಲ್ಲ. ಈಗ ಆ ಚಿತ್ರ ಉಳಿದಿರುವುದು ಟೀವಿಯಿಂದ ಇಳಿಸಿದ ಒಂದು ಪ್ರತಿಯಲ್ಲಿ ಮಾತ್ರ. ಅದರಲ್ಲಿ ಕಪ್ಪು ಕಪ್ಪಲ್ಲ, ಬಿಳುಪು ಬಿಳುಪಲ್ಲ. ಮಳೆಯ ಗೆರೆಗಳು ಕಾಣುವುದಿಲ್ಲ.

ಇದು ನನ್ನೊಬ್ಬನ ಕಥೆಯಲ್ಲ. ಕನ್ನಡದ ಮೊದಲ ವಾಕ್ಚಿತ್ರ, 1934ರ 'ಸತಿ ಸುಲೋಚನ'ದ ಪ್ರತಿ ಇಂದು ಇಲ್ಲ. ಅದು ಹಳೆಯ ಕಾಲ, ಯಾರಿಗೂ ತಿಳಿವಳಿಕೆ ಇರಲಿಲ್ಲ ಎನ್ನಬಹುದು. ಆದರೆ ನಮ್ಮ ಕಣ್ಣೆದುರೇ ತಯಾರಾದ ಚಿತ್ರಗಳ ಗತಿಯೂ ಹಾಗೇ ಆಗುತ್ತಿದೆ. ಕಪ್ಪುಬಿಳುಪು ಫಿಲಮಿನಲ್ಲಿ ಬೆಳ್ಳಿ ಇರುತ್ತದೆ ಎಂದು ಅದನ್ನು ಕರಗಿಸಲು ತೂಕಕ್ಕೆ ಮಾರಿದವರಿದ್ದಾರೆ. ಜಾಗ ಸಾಲದೆಂದು ಮೊದಲು ಹೊರಗೆ ಹಾಕಿದ್ದು ಡಬ್ಬಿಗಳನ್ನೇ.

ಉಳಿಸಿಕೊಂಡರೆ ಏನಾಗುತ್ತದೆ ಎಂಬುದನ್ನೂ ಕಂಡಿದ್ದೇವೆ. 'ಘಟಶ್ರಾದ್ಧ'ದ ಮೂಲ ಕ್ಯಾಮೆರಾ ನೆಗೆಟಿವ್ ಪುಣೆಯ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯದಲ್ಲಿತ್ತು. ಅದರಿಂದ ಫಿಲಂ ಹೆರಿಟೇಜ್ ಫೌಂಡೇಶನ್ ಮತ್ತು ಮಾರ್ಟಿನ್ ಸ್ಕಾರ್ಸೆಸಿಯವರ ಫಿಲಂ ಫೌಂಡೇಶನ್ ಸೇರಿ ಚಿತ್ರವನ್ನು 4ಕೆಯಲ್ಲಿ ಮತ್ತೆ ಸಿದ್ಧಪಡಿಸಿದರು. 2024ರಲ್ಲಿ ವೆನಿಸ್ ಚಿತ್ರೋತ್ಸವದಲ್ಲಿ ಅದು ತೆರೆ ಕಂಡಿತು. ರಾಮಚಂದ್ರ ಅವರು 2011ರಲ್ಲೇ ತೀರಿಕೊಂಡರು. ಅವರು 1977ರಲ್ಲಿ ಆ ಮನೆಯೊಳಗೆ ಕಂಡ ಅರೆಗತ್ತಲು ಉಳಿದಿದೆ. ಅದು ಉಳಿದದ್ದು ಯಾರೋ ಒಬ್ಬರು ಆ ಡಬ್ಬಿಗಳನ್ನು ತಂಪಾದ ಕೋಣೆಯಲ್ಲಿ ಇಟ್ಟದ್ದರಿಂದ.

ಆದ್ದರಿಂದ ಇದನ್ನು ಓದುವ ನಿರ್ಮಾಪಕರ ಮಕ್ಕಳು, ಮೊಮ್ಮಕ್ಕಳು, ಹಳೆಯ ಥಿಯೇಟರುಗಳ ಮಾಲೀಕರು, ಹಂಚಿಕೆದಾರರ ಮನೆಯವರಲ್ಲಿ ನನ್ನದೊಂದು ಕೋರಿಕೆ. ನಿಮ್ಮ ಅಟ್ಟದಲ್ಲಿ, ಗೋದಾಮಿನಲ್ಲಿ ದುಂಡನೆಯ ತಗಡಿನ ಡಬ್ಬಿಗಳಿದ್ದರೆ ಗುಜರಿಗೆ ಹಾಕಬೇಡಿ. ಬಿಸಿಲಿಗೆ ಹರಡಬೇಡಿ. ಮಲಗಿಸಿ ಇಡಿ, ತಂಪಾಗಿರುವ, ಒಣಗಿದ ಜಾಗದಲ್ಲಿಡಿ. ವಿನಿಗರ್ ವಾಸನೆ ಬರುವ ಡಬ್ಬಿಯನ್ನು ಉಳಿದವುಗಳಿಂದ ಬೇರೆ ಮಾಡಿ. ಮುಚ್ಚಳದ ಮೇಲಿನ ಹೆಸರು, ರೀಲಿನ ನಂಬರು ಒಂದು ಹಾಳೆಯಲ್ಲಿ ಬರೆದು ಪುಣೆಯ ಸಂಗ್ರಹಾಲಯಕ್ಕೆ ಒಂದು ಪತ್ರ ಹಾಕಿ. 1964ರಿಂದ ಇರುವ ಸಂಸ್ಥೆ ಅದು, ಈಗ ರಾಷ್ಟ್ರೀಯ ಚಲನಚಿತ್ರ ಅಭಿವೃದ್ಧಿ ನಿಗಮ, ಅಂದರೆ ಎನ್‌ಎಫ್‌ಡಿಸಿಯ ಅಡಿಯಲ್ಲಿದೆ. ಚಿತ್ರ ಓಡಿತೋ ಬಿಟ್ಟಿತೋ ಎಂದು ಯೋಚಿಸಬೇಡಿ. ಈ ಕೆಲಸವನ್ನು ಈ ಮಳೆಗಾಲ ಹಿಡಿಯುವ ಮೊದಲೇ ಮಾಡಿ.